ಅಪ್‌ಡೇಟ್: ಸೆಕೆಂಡ್ ಬೇಸ್‌ಗೆ ಎಸೆತ ಕೊನೆಗೂ ನೇರವಾಯಿತು

ಮೂರು ವಾರದ ಹಿಂದೆ ಕೇಳಿದ್ದೆ: ನಾನು ಬೇಸ್‌ಬಾಲ್‌ನಲ್ಲಿ ಬಲಗೈ ಕ್ಯಾಚರ್ (ಬ್ಯಾಟರ್ ಹಿಂದೆ ಕೂತು ಚೆಂಡು ಹಿಡಿಯುವವರು), ರನ್ನರ್ ಬೇಸ್ ಕದಿಯಲು, ಅಂದರೆ ಚೆಂಡು ಹೊಡೆಯುವ ಮೊದಲೇ ಸೆಕೆಂಡ್ ಬೇಸ್‌ಗೆ ಓಡಿದಾಗ ನನ್ನ ಎಸೆತ ಪ್ರತಿ ಸಲ ಬಲಕ್ಕೆ, ಫಸ್ಟ್ ಬೇಸ್ ಕಡೆಗೆ ಸರಿಯುತ್ತದೆ, ಏನು ಮಾಡಲಿ ಅಂತ. ಉತ್ತರಿಸಿದ ಎಲ್ಲರಿಗೂ ಥ್ಯಾಂಕ್ಸ್.

ಕೆಲಸ ಮಾಡಿದ್ದು ಬಲಗಾಲಿನ ಸಲಹೆ. ಚೆಂಡು ಗ್ಲೌಸ್‌ಗೆ ಬರುತ್ತಿರುವಾಗಲೇ ಬಲಗಾಲನ್ನು ಮೈಯ ನಡುವಿಗೆ ತಂದು, ಪಾದವನ್ನು ಅಡ್ಡಲಾಗಿ ಊರಬೇಕು. ಆಗ ಎಡ ಸೊಂಟ, ಎಡ ಭುಜ ತಾವಾಗಿಯೇ ಸೆಕೆಂಡ್ ಬೇಸ್ ಕಡೆ ತಿರುಗುತ್ತವೆ. ಆಮೇಲೆ ಎಡಗಾಲು ನೇರ ಗುರಿಯ ಕಡೆಗೆ. ನಾನು ಇಷ್ಟು ದಿನ ಎದೆ ತೆರೆದುಕೊಂಡೇ ಎಸೆಯುತ್ತಿದ್ದೆ! ಮೊದಲ ವಾರ ಚೆಂಡೇ ಇಲ್ಲದೆ ಸುಮ್ನೆ ಹೆಜ್ಜೆಗಳನ್ನಷ್ಟೇ ಅಭ್ಯಾಸ ಮಾಡಿದೆ. ಅದರಿಂದ ತುಂಬಾ ಅನುಕೂಲವಾಯಿತು.

ದೂರದ ಎಸೆತಗಳ ಅಭ್ಯಾಸದಿಂದ ಈ ತೊಂದರೆ ಹೋಗಲಿಲ್ಲ. ಎರಡೂ ಕಾಲು ಎತ್ತಿ ಹಾರಿ ತಿರುಗುವುದು ನನಗೆ ಒಗ್ಗಲೇ ಇಲ್ಲ, ಗಾಳಿಯಲ್ಲೇ ಸಮಯ ಹೋಗುತ್ತಿತ್ತು.

ಆಶ್ಚರ್ಯ ಆಗಿದ್ದು ಸ್ಲೋ ಮೋಷನ್ ವಿಡಿಯೋ ನೋಡಿದಾಗ. ಕೈ ನಿಧಾನ ಅಂದುಕೊಂಡಿದ್ದೆ. ನಿಜಕ್ಕೂ ತಡವಾಗುತ್ತಿದ್ದದ್ದು ಚೆಂಡನ್ನು ಗ್ಲೌಸ್‌ನಿಂದ ತೆಗೆಯುವಾಗ. ಬಲಗೈಯನ್ನು ಮುಂದಕ್ಕೆ ಚಾಚಿ ಚೆಂಡು ಹುಡುಕುತ್ತಿದ್ದೆ. ಈಗ ಗ್ಲೌಸನ್ನೇ ಬಲ ಭುಜದ ಹತ್ತಿರ ತರುತ್ತೇನೆ, ಬೆರಳುಗಳಿಗೆ ಚೆಂಡಿನ ಹೊಲಿಗೆ ಅಡ್ಡಲಾಗಿ ಸಿಗುತ್ತದೆ. ಚೆಂಡು ಗ್ಲೌಸ್ ಸೇರಿದ ಕ್ಷಣದಿಂದ ಬೇಸ್ ತಲುಪುವವರೆಗೆ 2.5 ಸೆಕೆಂಡ್ ಆಗುತ್ತಿತ್ತು, ಈಗ 2.3. ಅಮೆರಿಕದ ವೃತ್ತಿಪರ ಮೇಜರ್ ಲೀಗ್ ಕ್ಯಾಚರ್‌ಗಳದ್ದು ಸುಮಾರು 2 ಸೆಕೆಂಡ್. ಹೋಮ್‌ನಿಂದ (ಬ್ಯಾಟರ್ ನಿಲ್ಲುವ ಕಡೆಯ ಬೇಸ್) ಸೆಕೆಂಡ್ ಬೇಸ್‌ಗೆ 127 ಅಡಿಗೂ ಜಾಸ್ತಿ ದೂರ ಅಲ್ವಾ, 0.2 ಸೆಕೆಂಡ್ ಉಳಿದರೂ ರನ್ನರ್ ಔಟಾಗಬಹುದು.

ಪಿಚರ್ ಎಸೆದ ಚೆಂಡು ನನ್ನ ಎಡಕ್ಕೆ ದೂರ ಬಂದಾಗ ಮಾತ್ರ ಹೆಜ್ಜೆ ಇನ್ನೂ ತಪ್ಪುತ್ತದೆ. ಈ ವಾರ ಅದರ ಅಭ್ಯಾಸ.