ಮಳೆಗಾಲದ ಕುದುರೆಮುಖದಲ್ಲಿ ಒಬ್ಬನೇ ಸಿನಿಮಾ: ಅನುಭವ ಇದ್ದವರು ಹೇಳಿ

ಹೊಸಬ: ಮಾತಿಲ್ಲದ, ಕಥೆಯಿಲ್ಲದ 20 ನಿಮಿಷದ ಪ್ರಯೋಗ ಚಿತ್ರ. ಕಾಡಲ್ಲಿ ಒಬ್ಬನೇ ಇರುವುದೇ ವಿಷಯ. ಜುಲೈನಲ್ಲಿ ಕುದುರೆಮುಖದ ಕಡೆ ಹೋಗೋಣ ಅಂತಿದ್ದೇನೆ. ಬಜೆಟ್ 60,000. ಡಿಜಿಟಲ್ಲಾ, 16 ಎಂಎಂ ಫಿಲ್ಮಾ?

ಬೋಲೆಕ್ಸ್ ಭಕ್ತ: ಫಿಲ್ಮೇ. ನನ್ನದು ಕೀ ಕೊಟ್ಟು ಓಡಿಸುವ ಸ್ಪ್ರಿಂಗ್ ಬೋಲೆಕ್ಸ್ ಕ್ಯಾಮೆರಾ. ಪೂರ್ತಿ ಕೀ ಕೊಟ್ಟರೂ 28 ಸೆಕೆಂಡ್ ಓಡುತ್ತದೆ, ಅಷ್ಟೇ. 100 ಅಡಿ ರೋಲು ಎರಡೂಮುಕ್ಕಾಲು ನಿಮಿಷಕ್ಕೆ ಖಾಲಿ. ಮಂಜು ಸರಿಯುವ ತನಕ ಸುಮ್ನೆ ಕೂರಬೇಕು. ಒಂಟಿತನ ಇರೋದು ಆ ಕಾಯುವುದರಲ್ಲೇ. ರೋಲು, ಡೆವಲಪಿಂಗು, ಸ್ಕ್ಯಾನು, ಕೊರಿಯರು ಸೇರಿ ರೋಲಿಗೆ 12,000 ಬಿತ್ತು. ಲ್ಯಾಬಿನವರು ಒಂದು ರೋಲು ಅದಲುಬದಲು ಮಾಡಿದರು. ಯಾರದೋ ಮದುವೆ ನನಗೆ ಬಂತು. ನನ್ನ ಮಂಜು ಯಾರ ಮನೆಗೆ ಹೋಯಿತೋ!

ಕೊಪ್ಪದವ: ಮಾರಾಯ್ರೆ, ಜುಲೈನಲ್ಲಿ ನಮ್ಮಲ್ಲಿ ಚಪ್ಪಲಿಗೂ ಬೂಷ್ಟು ಹಿಡಿಯುತ್ತದೆ! ನನ್ನ ಲೆನ್ಸಿಗೆ ಫಂಗಸ್ ಬಂತು. ಕ್ಲೀನಿಂಗಿಗೆ 4,500. ಬಿಚ್ಚಿದವನು ಫೋಕಸ್ ಕೆಡಿಸಿದ, ಅದಕ್ಕೆ ಮತ್ತೆ 11,000. ತೇವ ಹೀರಲು ಇಟ್ಟ ನೀಲಿ ಸಿಲಿಕಾ ಜೆಲ್ ಬೆಳಗಾಗುವುದರೊಳಗೆ ಗುಲಾಬಿ ಆಗಿರುತ್ತಿತ್ತು. ಅತ್ತೆ ಅದನ್ನು ಕಾವಲಿ ಮೇಲೆ ಹುರಿದು ನೀಲಿ ಮಾಡಿ ಕೊಡೋರು.

ಸ್ಪಿತಿ ಹುಚ್ಚ: ಒಂಟಿತನ ಬೇಕಿದ್ದರೆ ಜನವರಿಯಲ್ಲಿ ಹಿಮಾಚಲದ ಸ್ಪಿತಿ. ಕುಂಜುಮ್ ಪಾಸ್ ಮುಚ್ಚಿರುತ್ತದೆ, ಕಿನ್ನೌರ್ ಕಡೆಯಿಂದ ಬರಬೇಕು. ಗುಡ್ಡ ಕುಸಿದು ದಾರಿ ಬಂದ್ ಆದಾಗ ಟ್ಯಾಕ್ಸಿಗೆ ವೇಟಿಂಗೇ ದಿನಕ್ಕೆ 3,000 ಕೊಟ್ಟೆ. ಬ್ಯಾಟರಿ ಬನಿಯನ್ ಒಳಗಿಟ್ಟು ಮಲಗಿ. ಕ್ಯಾಮೆರಾನ ಹೊರಗೇ ಕವರಿನಲ್ಲಿ ಕಟ್ಟಿ ಆಮೇಲೆ ಒಳಗೆ ತನ್ನಿ, ಇಲ್ಲದಿದ್ದರೆ ಬೆವರುತ್ತದೆ.

ಬೋಲೆಕ್ಸ್ ಭಕ್ತ: ಸ್ಪಿತಿಯಲ್ಲಿ ಈಗ ರೀಲ್ಸ್ ಮಾಡೋರೇ ಜಾಸ್ತಿ.

ಸ್ಪಿತಿ ಹುಚ್ಚ: ಜನವರಿಯಲ್ಲಿ ಬಂದು ನೋಡಿ, ಆಮೇಲೆ ಮಾತಾಡಿ. ನಿಮ್ಮ ಚಿತ್ರದ ಕೊನೆಯಲ್ಲಿ ಇಬ್ಬರು ಸಹಾಯಕರು, ಒಬ್ಬ ಅಡುಗೆಯವರ ಹೆಸರು ಓದಿದ್ದೇನೆ. ಅದ್ಯಾವ ಸೀಮೆಯ ಒಂಟಿತನ ಸಾರ್?

ಬೋಲೆಕ್ಸ್ ಭಕ್ತ: ಅವರು ಫ್ರೇಮಿನಲ್ಲಿ ಇಲ್ಲವಲ್ಲ!

ಅರ್ಜಿದಾರ: ಜಗಳ ಆಮೇಲೆ. ಕುದುರೆಮುಖ 1987ರಿಂದ ರಾಷ್ಟ್ರೀಯ ಉದ್ಯಾನ. ಟ್ರೆಕ್ಕಿಂಗ್ ಟಿಕೆಟ್ ಬೇರೆ, ಶೂಟಿಂಗ್ ಅನುಮತಿ ಬೇರೆ. ಗೈಡ್ ಕಡ್ಡಾಯ, ರಾತ್ರಿ ಗುಡ್ಡದ ಮೇಲೆ ಉಳಿಯುವ ಹಾಗಿಲ್ಲ. ನನ್ನ ಅರ್ಜಿ ಮೇಜಿನಿಂದ ಮೇಜಿಗೆ ಓಡಾಡಿ ಮಳೆಗಾಲವೇ ಮುಗಿಯಿತು. "ಕಥೆ ಏನು?" ಅಂದರು. ಕಥೆ ಇಲ್ಲ ಅಂದೆ. "ಕಥೆ ಬರೆದು ತನ್ನಿ" ಅಂದರು. ಜೆರಾಕ್ಸು, ಅಫಿಡವಿಟ್ಟಿಗೇ 1,800.

ಹೊಸಬ: ಸಾರ್, 60,000ಕ್ಕೆ ಆಗುತ್ತಾ?

ಕೊಪ್ಪದವ: ಉಂಬಳಕ್ಕೆ, ಅಂದರೆ ಜಿಗಣೆಗೆ ಏನು ಮಾಡ್ತೀರಿ, ಅದು ಹೇಳಿ ಮೊದಲು. ಹೊಗೆಸೊಪ್ಪು, ಸುಣ್ಣ ಬಟ್ಟೆಯಲ್ಲಿ ಕಟ್ಟಿ ಕಾಲಿಗೆ ಉಜ್ಜಿ.

ಸ್ಪಿತಿ ಹುಚ್ಚ: ಸ್ಯಾನಿಟೈಸರ್ ಸಾಕು.

ಕೊಪ್ಪದವ: ಜುಲೈ ಮಳೆಯಲ್ಲಾ? ನೀವು ನಿಮ್ಮ ಹಿಮದಲ್ಲೇ ಇರಿ ಮಾರಾಯ್ರೆ.