ಅಪ್ಪ ಅಮ್ಮನ ಜೊತೆ ರೋಮ್, ಗ್ರೀಸ್, ಮಾಲ್ಟಾ: ಗೈಡ್ ಪುಸ್ತಕ ಬೇಕಾ, ಫೋನ್ ಸಾಕಾ?

ಕೋಟೆಗಲ್ಲಿ_ಬಳ್ಳಾರಿ
ಎಲ್ಲರಿಗೂ ನಮಸ್ಕಾರ. ಬರುವ ಮೇ ತಿಂಗಳಲ್ಲಿ ಅಪ್ಪ ಅಮ್ಮನನ್ನು ಕರೆದುಕೊಂಡು ಎರಡು ವಾರ ಹೊರಟಿದ್ದೇನೆ. ರೋಮ್ ನಾಲ್ಕು ದಿನ, ಅಥೆನ್ಸ್ ಮತ್ತು ಸ್ಯಾಂಟೊರಿನಿ ದ್ವೀಪ ಸೇರಿ ಗ್ರೀಸ್ ಏಳು ದಿನ, ಕೊನೆಗೆ ಮಾಲ್ಟಾ ಮೂರು ದಿನ. ಅಪ್ಪ ನಿವೃತ್ತ ಮೇಷ್ಟ್ರು. ಎಲ್ಲಿಗೇ ಹೋದರೂ ಮೊದಲು ಆ ಊರಿನ ಬಗ್ಗೆ ಓದಬೇಕು ಅವರಿಗೆ. ನಿನ್ನೆ ಊಟಕ್ಕೆ ಕೂತಾಗ "ಒಂದು ಒಳ್ಳೆ ಗೈಡ್ ಪುಸ್ತಕ ತರಿಸಪ್ಪ" ಅಂದರು. ನೋಡಿದರೆ ಮೂರು ದೇಶಕ್ಕೆ ಮೂರು ಪುಸ್ತಕ, ಮೂರೂ ಇಂಗ್ಲಿಷಿನಲ್ಲಿ, ದುಡ್ಡೂ ಕಡಿಮೆ ಇಲ್ಲ, ಭಾರವೂ ಕಡಿಮೆ ಇಲ್ಲ. ತಮ್ಮ ಹೇಳುತ್ತಾನೆ, ಸುಮ್ನೆ ದಂಡ, ಎಲ್ಲ ಫೋನಲ್ಲೇ ಇದೆ ಅಂತ. ಹೋಗಿ ಬಂದವರು ನಿಮ್ಮ ಅನುಭವ ಹೇಳಿ.

ಗಣಿನಾಡು_ಸಂಡೂರು
ತಮ್ಮನ ಮಾತೇ ಸರಿ. ಪುಸ್ತಕ ಬರೆದು, ಅಚ್ಚಾಗಿ, ನಿಮ್ಮ ಕೈಗೆ ಬರುವಷ್ಟರಲ್ಲಿ ವರ್ಷ ಕಳೆದಿರುತ್ತೆ. ನನ್ನ ಗೆಳೆಯ ಕ್ರೊಯೇಷಿಯಾಗೆ ಹೋಗುವಾಗ ಹಳೆ ಪುಸ್ತಕ ನೋಡಿ, ಕೂನಾ ಅನ್ನೋ ನೋಟು ಎಲ್ಲಿ ಸಿಗುತ್ತೆ ಅಂತ ಬೆಂಗಳೂರಿನಲ್ಲಿ ಅಂಗಡಿ ಅಂಗಡಿ ಸುತ್ತಿದ. 2023ರ ಜನವರಿ 1ರಿಂದ ಅಲ್ಲಿ ಯೂರೊ ನಡೆಯುತ್ತಿದೆ! ಅವತ್ತೇ ಆ ದೇಶ ಒಂದೇ ವೀಸಾದಲ್ಲಿ ಸುತ್ತಬಹುದಾದ ಯುರೋಪಿನ ದೇಶಗಳ ಗುಂಪಾದ ಷೆಂಗನ್ ಒಳಗೂ ಬಂತು, ಅಂದರೆ ವೀಸಾ ಲೆಕ್ಕವೂ ಬದಲಾಯಿತು. ವೆನಿಸ್ ನೋಡಿ, 2024ರ ಏಪ್ರಿಲ್‌ನಿಂದ ಕೆಲವು ದಿನಗಳಲ್ಲಿ ಬೆಳಗ್ಗೆ ಬಂದು ಸಂಜೆ ಹೋಗುವವರಿಂದ ಪ್ರವೇಶ ಶುಲ್ಕ ತಗೊಳ್ಳುತ್ತಾರೆ. ಹಳೆ ಪುಸ್ತಕದಲ್ಲಿ ಇದೆಲ್ಲ ಎಲ್ಲಿಂದ ಬರಬೇಕು? ಬಸ್ ಸಮಯ, ಹೋಟೆಲ್ ದರ, ಯಾವ ಮ್ಯೂಸಿಯಂ ಯಾವಾಗ ಬಾಗಿಲು ಹಾಕುತ್ತೆ, ಎಲ್ಲಾ ಫೋನ್‌ನಲ್ಲಿ ನೋಡಿ. ನಕ್ಷೆ ಮೊದಲೇ ಇಳಿಸಿಕೊಂಡರೆ ನೆಟ್ ಇಲ್ಲದಿದ್ದರೂ ನಡೆಯುತ್ತೆ. ಆ ದುಡ್ಡಿನಲ್ಲಿ ಅಮ್ಮನಿಗೆ ಒಂದು ಜೊತೆ ಒಳ್ಳೆ ಶೂ ಕೊಡಿಸಿ. ಅಲ್ಲಿ ನಡೆಯೋದು ತುಂಬಾ ಇರುತ್ತೆ.

ರಾಯಚೂರು_ಬಿಸಿಲು
ಶೂ ಮಾತು ಒಪ್ಪಿದೆ. ಪುಸ್ತಕದ ಮಾತು ಒಪ್ಪಲ್ಲ.

ನಾನೂ ನನ್ನ ಯಜಮಾನರೂ ಫೋನ್ ಒಂದನ್ನೇ ನಂಬಿ ಇಟಲಿಗೆ ಹೋಗಿದ್ದೆವು. ಫ್ಲಾರೆನ್ಸ್‌ನಿಂದ ಪೀಸಾಗೆ ಚಿಕ್ಕ ರೈಲು, ಸುಮಾರು ಒಂದು ಗಂಟೆ ದಾರಿ. ಕೌಂಟರಿನಲ್ಲಿ ಕಾಗದದ ಟಿಕೆಟ್ ತಗೊಂಡು ಹತ್ತಿ ಕೂತೆವು. ಅರ್ಧ ದಾರಿಯಲ್ಲಿ ತಪಾಸಣೆಯವರು ಬಂದು ಟಿಕೆಟ್ ತಿರುಗಿಸಿ ತಿರುಗಿಸಿ ನೋಡಿದರು. ಅಂಚಿನಲ್ಲಿ ಮುದ್ರೆ ಇಲ್ಲ. ಆ ಥರದ ಟಿಕೆಟ್‌ಗೆ ಪ್ಲಾಟ್‌ಫಾರಂನಲ್ಲಿರುವ ಪುಟ್ಟ ಡಬ್ಬಿಯೊಳಗೆ ತೂರಿಸಿ ತಾರೀಕು ಒತ್ತಿಸಿಕೊಂಡು ಆಮೇಲೆ ಹತ್ತಬೇಕಂತೆ. ಡಬ್ಬಿ ನಮ್ಮ ಕಣ್ಣೆದುರೇ ಇತ್ತು, ನಾನು ಅದರ ಪಕ್ಕದಲ್ಲೇ ನಿಂತು ನೀರು ಕುಡಿದಿದ್ದೆ. ಟಿಕೆಟ್‌ಗೆ ದುಡ್ಡು ಕೊಟ್ಟಿದ್ದೇವೆ, ಕಳ್ಳತನ ಮಾಡಿಲ್ಲ ಅಂತ ಎಷ್ಟು ಹೇಳಿದರೂ ಕೇಳಲಿಲ್ಲ. ದಂಡ ಕಟ್ಟಿಸಿಕೊಂಡೇ ಹೋದರು. ಇಡೀ ಬೋಗಿಯ ಜನ ನಮ್ಮನ್ನೇ ನೋಡುತ್ತಿದ್ದರು. ದುಡ್ಡಿಗಿಂತ ಅದೇ ಜಾಸ್ತಿ ನೋವಾಯಿತು.

ರಾತ್ರಿ ವಸತಿಗೃಹದ ಕಪಾಟಿನಲ್ಲಿ ಯಾರೋ ಬಿಟ್ಟು ಹೋದ ಗೈಡ್ ಪುಸ್ತಕ ಸಿಕ್ಕಿತು. ರೈಲಿನ ಪುಟ ತೆಗೆದರೆ ಆ ಡಬ್ಬಿಯ ಚಿತ್ರವೇ ಇದೆ! ಫೋನ್ ಕೇಳಿದ್ದಕ್ಕೆ ಉತ್ತರ ಕೊಡುತ್ತೆ ಸರ್, ಆದರೆ ಟಿಕೆಟ್‌ಗೆ ಮುದ್ರೆ ಒತ್ತಿಸಬೇಕಾ ಅಂತ ಕೇಳೋಕೆ ನನಗೆ ಹೊಳೆಯಬೇಕಲ್ವಾ? ಪುಸ್ತಕ ಬರೆದವರು ನನಗಿಂತ ಮೊದಲು ಆ ಪ್ಲಾಟ್‌ಫಾರಂ ಮೇಲೆ ನಿಂತು ಯೋಚಿಸಿದ್ದರು.

ಗಣಿನಾಡು_ಸಂಡೂರು
ಕೇಳಿ ಬೇಜಾರಾಯಿತು ಮೇಡಂ. ಆದರೆ ಈಗ ಅಲ್ಲಿ ಜನ ಆ ಚಿಕ್ಕ ರೈಲುಗಳಿಗೆ ಫೋನಲ್ಲೇ ಟಿಕೆಟ್ ತಗೊಳ್ಳೋದು ಜಾಸ್ತಿ, ಅದಕ್ಕೆ ಹತ್ತುವ ಮೊದಲು ಫೋನಲ್ಲೇ ಚೆಕ್ ಇನ್ ಒತ್ತಬೇಕು. ಹಳೆ ಪುಸ್ತಕ ಇಟ್ಟುಕೊಂಡು ಡಬ್ಬಿ ಹುಡುಕುತ್ತಾ ನಿಂತರೆ ಮತ್ತೆ ದಂಡವೇ. ಹೊಸ ಮುದ್ರಣ ಆದರೆ ಮಾತ್ರ ನಿಮ್ಮ ವಾದ ಒಪ್ಪುತ್ತೇನೆ.

ಸಿಂಧನೂರು_ಭತ್ತ
ಪುಸ್ತಕ ಬರೆಯುವವರಿಗೂ ಒಂದು ಲೆಕ್ಕಾಚಾರ ಇರುತ್ತೆ ಅನ್ನೋದು ಮರೀಬೇಡಿ. 1900ರಲ್ಲಿ ಫ್ರಾನ್ಸಿನ ಟೈರ್ ಕಂಪನಿ ಮಿಶೆಲಿನ್ ಕಾರಿನವರಿಗೆ ಗೈಡ್ ಪುಸ್ತಕ ಬಿಟ್ಟಿಯಾಗಿ ಹಂಚಿತು, ಮೊದಲ ಸಲವೇ 35,000 ಪ್ರತಿ. ಜನ ಊರೂರು ಸುತ್ತಿದರೆ ಟೈರು ಸವೆಯುತ್ತೆ ಅಲ್ವಾ. ಊಟದ ಮನೆಗಳಿಗೆ ಅವರು ಕೊಡುವ ನಕ್ಷತ್ರ 1926ರಲ್ಲಿ ಶುರುವಾಯಿತು. ಅದಕ್ಕೂ ಎಷ್ಟೋ ಮೊದಲೇ, ಹತ್ತೊಂಬತ್ತನೇ ಶತಮಾನದಲ್ಲಿ, ಜರ್ಮನಿಯ ಬೇಡೆಕರ್ ಪುಸ್ತಕಗಳು ನೋಡಲೇಬೇಕಾದ ಜಾಗಕ್ಕೆ ನಕ್ಷತ್ರ ಹಾಕುತ್ತಿದ್ದವು. ನಕ್ಷತ್ರ ಇದ್ದಲ್ಲಿ ಜನ ಮುತ್ತುತ್ತಾರೆ, ಇಲ್ಲದ ಊರು ಯಾರ ಕಣ್ಣಿಗೂ ಬೀಳಲ್ಲ.

ಆನೆಗೊಂದಿ_ದಡ
ಸಿಂಧನೂರಿನವರು ಹೇಳಿದ್ದನ್ನು ನಾನು ಈ ಕಡೆಯಿಂದ ಕಂಡಿದ್ದೇನೆ. ನೀವೆಲ್ಲ ಪುಸ್ತಕ ಹಿಡಿದು ಹೋಗುವವರು, ನಾವು ಪುಸ್ತಕ ಹಿಡಿದು ಬಂದವರನ್ನು ನೋಡಿಕೊಂಡು ಬೆಳೆದವರು.

ನಮ್ಮದು ಕೊಪ್ಪಳ ಜಿಲ್ಲೆ, ತುಂಗಭದ್ರೆಯ ಈಚೆ ದಡ. ಹಂಪಿ ಎದುರಿಗೆ ಹೊಳೆಯ ನಡುವಿನ ವಿರೂಪಾಪುರಗಡ್ಡಿ ನಿಮಗೆ ಗೊತ್ತೇ ಇದೆ. ಅದೂ ಒಂದು ದ್ವೀಪವೇ, ವಿದೇಶಿಯರ ಬಾಯಲ್ಲಿ ಹಿಪ್ಪಿ ದ್ವೀಪ. ಹುಡುಗನಿದ್ದಾಗ ದಡದಲ್ಲಿ ನಿಂತು ನೋಡುತ್ತಿದ್ದೆ. ಆಚೆಯಿಂದ ಬರುವ ಒಬ್ಬೊಬ್ಬರ ಕೈಯಲ್ಲೂ ದಪ್ಪನೆಯ ಪುಸ್ತಕ, ಎಲ್ಲರ ಬೆರಳೂ ಒಂದೇ ಪುಟದಲ್ಲಿ. ಆ ಪುಟದಲ್ಲಿ ಹೆಸರಿದ್ದ ಜಾಗಕ್ಕೇ ಎಲ್ಲರೂ ಹೋಗುತ್ತಿದ್ದರು. ಪಕ್ಕದ ಮನೆಯಲ್ಲಿ ಅದೇ ಕೋಣೆ, ಅದೇ ಗದ್ದೆಯ ನೋಟ, ಅದಕ್ಕಿಂತ ರುಚಿಯಾದ ಊಟ ಇದ್ದರೂ ಖಾಲಿ. ಒಬ್ಬ ಹುಡುಗಿ ನನಗೆ ಆ ಪುಟ ತೋರಿಸಿದ್ದಳು. ಗದ್ದೆ, ಬಂಡೆ, ತೂಗುಮಂಚ, ಸೂರ್ಯಾಸ್ತ ಎಲ್ಲ ಇತ್ತು. ಗದ್ದೆಯಲ್ಲಿ ನಾಟಿ ಹಾಕುವವರ ಬಗ್ಗೆ ಒಂದು ಸಾಲೂ ಇರಲಿಲ್ಲ.

ಆಮೇಲೆ 2020ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಬಂತು, ಮಾರ್ಚ್‌ನಲ್ಲಿ ಅಲ್ಲಿನ ವಸತಿಗೃಹಗಳನ್ನೆಲ್ಲ ತೆರವು ಮಾಡಿದರು. ಕೆಲವರು ಸಾಣಾಪುರದ ಕಡೆ ಹೋಗಿ ಮತ್ತೆ ಮೊದಲಿನಿಂದ ಶುರು ಮಾಡಿದರು. ಅದಾದ ಮೇಲೂ ಹಳೆ ಪುಸ್ತಕ ಹಿಡಿದು ಬಂದು, ಗಡ್ಡಿಗೆ ದೋಣಿ ಎಲ್ಲಿ ಅಂತ ಕೇಳಿದವರನ್ನು ನಾನೇ ಮಾತಾಡಿಸಿದ್ದೇನೆ. ಅದಕ್ಕೇ ಹೇಳೋದು, ಪುಸ್ತಕ ಓದಿ. ಎಲ್ಲಿ ಉಳಿಯಬೇಕು, ಎಲ್ಲಿ ಉಣ್ಣಬೇಕು ಅನ್ನೋ ಪುಟ ಮಾತ್ರ ಬಿಟ್ಟು ಓದಿ. ಅದನ್ನು ಆ ಊರಿನವರನ್ನೇ ಕೇಳಿ, ಸ್ಯಾಂಟೊರಿನಿಯಲ್ಲೂ ನಮ್ಮಂಥವರು ಇರುತ್ತಾರೆ.

ಕುಷ್ಟಗಿ_ಅಕ್ಕ
ತಮ್ಮಾ, ನಿನ್ನ ಮಾತು ಮನಸ್ಸಿಗೆ ನಾಟಿತು. ಆದರೆ ಉಣ್ಣೋ ಪುಟ ಬಿಡು ಅಂದರೆ ನಮ್ಮಂಥ ಸಸ್ಯಾಹಾರಿಗಳು ಏನು ಮಾಡಬೇಕು? ನಾನು ಮಗಳ ಜೊತೆ ಗ್ರೀಸ್‌ಗೂ ಇಟಲಿಗೂ ಹೋಗಿ ಬಂದವಳು. ನನ್ನ ತಕರಾರು ಬೇರೆ. ಈ ಪುಸ್ತಕಗಳನ್ನು ಬರೆದಿರೋದು ಇಂಗ್ಲೆಂಡು, ಅಮೆರಿಕ, ಆಸ್ಟ್ರೇಲಿಯಾದವರಿಗೆ. ವೀಸಾ ಬಗ್ಗೆ ಓದಿದರೆ ನಾಲ್ಕೇ ಸಾಲು. ನಮಗೆ ಅದೇ ಮೊದಲನೇ ಬೆಟ್ಟ.

ಕೋಟೆಗಲ್ಲಿಯವರೇ, ಮೂರೂ ದೇಶ ಷೆಂಗನ್ನೇ, ಒಂದೇ ವೀಸಾ ಸಾಕು. ಜಾಸ್ತಿ ದಿನ ಎಲ್ಲಿ ಇರುತ್ತೀರೋ ಆ ದೇಶಕ್ಕೆ ಅರ್ಜಿ ಹಾಕಬೇಕು, ನಿಮ್ಮ ಲೆಕ್ಕದಲ್ಲಿ ಅದು ಗ್ರೀಸ್, ಮೊದಲು ಇಳಿಯುವ ಇಟಲಿ ಅಲ್ಲ. ಶುಲ್ಕ 2024ರ ಜೂನ್‌ನಿಂದ ತಲಾ 90 ಯೂರೊ. 30,000 ಯೂರೊ ತನಕ ಆಸ್ಪತ್ರೆ ಖರ್ಚು ಕೊಡುವ ವಿಮೆ ಇರಲೇಬೇಕು. ಪ್ರಯಾಣಕ್ಕೆ ಆರು ತಿಂಗಳು ಇರುವಾಗಲೇ ಹಾಕಬಹುದು, ಕೊನೆ ತನಕ ಕಾಯಬೇಡಿ. ಬೆರಳಚ್ಚು ಕೊಡೋಕೆ ಅಪ್ಪ ಅಮ್ಮ ಖುದ್ದು ಹೋಗಬೇಕು.

ಇನ್ನು ಊಟ. ಇಟಲಿಯಲ್ಲಿ ಪಾಸ್ತಾ ಮೇಲೆ ಉದುರಿಸುವ ಅಸಲಿ ಪಾರ್ಮಿಜಾನೊ ಚೀಸ್ ಇದೆಯಲ್ಲ, ಅದನ್ನು ಹೆಪ್ಪು ಹಾಕೋದು ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್‌ನಿಂದ. ನಮ್ಮಮ್ಮನಂಥವರಿಗೆ ಇದು ಮೊದಲೇ ಗೊತ್ತಿರಬೇಕು. ನಾನು ಓದಿದ ಯಾವ ಗೈಡ್ ಪುಸ್ತಕವೂ ಅದನ್ನು ಹೇಳಲಿಲ್ಲ, ಸಸ್ಯಾಹಾರಿ ಅನ್ನೋದಕ್ಕೆ ವಿ ಅಂತ ಗುರುತು ಹಾಕಿ ಬಿಟ್ಟಿದ್ದರು. ಗ್ರೀಸ್‌ನಲ್ಲಿ ಒಂದು ಮಾತು ನಮ್ಮ ಹೊಟ್ಟೆ ತುಂಬಿಸಿತು, "ನಿಸ್ಟಿಸಿಮೊ". ಅವರ ಉಪವಾಸದ ಊಟ. ಮಾಂಸ, ಮೊಟ್ಟೆ, ಹಾಲು ಯಾವುದೂ ಇರಲ್ಲ. ಆದರೆ ಸಿಗಡಿ, ಆಕ್ಟೋಪಸ್ ಅವರ ಉಪವಾಸಕ್ಕೆ ನಡೆಯುತ್ತೆ, ಅದು ಬೇಡ ಅಂತ ಬೇರೆಯಾಗಿ ಹೇಳಬೇಕು. ಸ್ಯಾಂಟೊರಿನಿಯ ಫಾವಾ ತಪ್ಪದೆ ತಿನ್ನಿಸಿ. ಹಳದಿ ಬೇಳೆಯನ್ನು ನುಣ್ಣಗೆ ಬೇಯಿಸಿ ಮೇಲೆ ಹಸಿ ಈರುಳ್ಳಿ, ಆಲಿವ್ ಎಣ್ಣೆ ಹಾಕಿ ಕೊಡುತ್ತಾರೆ. ನಾವು ಚೀಲದಿಂದ ಖಡಕ್ ಜೋಳದ ರೊಟ್ಟಿ ತೆಗೆದು ಅದರ ಜೊತೆ ತಿಂದೆವು, ಹೋಟೆಲಿನ ಅಜ್ಜಿ ಬಂದು ಒಂದು ತುಂಡು ಕೇಳಿ ತಗೊಂಡಳು.

ರೊಟ್ಟಿ, ಶೇಂಗಾ ಚಟ್ನಿ, ಗುರೆಳ್ಳು ಚಟ್ನಿ ಒಯ್ಯಿರಿ. ತುಪ್ಪ, ಪೇಡ, ಖೋವಾದ ಸಿಹಿ ಒಯ್ಯಬೇಡಿ. ಹೊರಗಿನ ದೇಶದ ಹಾಲಿನ ಪದಾರ್ಥವನ್ನು ಯುರೋಪಿನೊಳಗೆ ಬಿಡಲ್ಲ.

ರಾಯಚೂರು_ಬಿಸಿಲು
ಅಕ್ಕಾ, ಇದನ್ನೇ ನೀವು ಕನ್ನಡದಲ್ಲಿ ಬರೆದು ಪುಸ್ತಕ ಮಾಡಬೇಕು. ಕನ್ನಡದಲ್ಲಿ ಪ್ರವಾಸ ಕಥನ ಬೇಕಾದಷ್ಟಿವೆ. ಯಾವ ಬಸ್ಸು, ಯಾವ ವೀಸಾ, ಏನು ತಿನ್ನಬಹುದು ಅಂತ ಹೇಳುವ ಪುಸ್ತಕ ನನ್ನ ಕಣ್ಣಿಗೆ ಬಿದ್ದಿಲ್ಲ.

ರೋಮಿನ ಬಗ್ಗೆ ನನ್ನದೊಂದು ಸೇರಿಸುತ್ತೇನೆ. ನೀರಿನ ಬಾಟಲಿ ಕೊಳ್ಳಬೇಡಿ. ಬೀದಿ ಬೀದಿಯಲ್ಲೂ ಕಬ್ಬಿಣದ ಕಂಬದಂಥ ನಲ್ಲಿ ಇವೆ, ನಾಸೋನಿ ಅಂತಾರೆ, ದೊಡ್ಡ ಮೂಗು ಅಂತ ಅರ್ಥ. ಊರೆಲ್ಲ ಸೇರಿ ಎರಡು ಸಾವಿರಕ್ಕೂ ಜಾಸ್ತಿ. ತಣ್ಣಗಿನ ಒಳ್ಳೆ ನೀರು ಹಗಲು ರಾತ್ರಿ ಬರುತ್ತೆ. ನಲ್ಲಿಯ ಬಾಯಿಗೆ ಬೆರಳು ಒತ್ತಿ ಹಿಡಿದರೆ ಮೇಲಿನ ಪುಟ್ಟ ತೂತಿನಿಂದ ನೀರು ಕಮಾನಿನ ಹಾಗೆ ಚಿಮ್ಮುತ್ತೆ, ಬಗ್ಗದೆ ಕುಡಿಯಬಹುದು. ಬೇಸಿಗೆಯಲ್ಲಿ ಟ್ಯಾಂಕರ್‌ಗೆ ಕಾದು ಬೆಳೆದವಳು ನಾನು, ಮೊದಲ ಸಲ ನೋಡಿದಾಗ ಅಲ್ಲೇ ನಿಂತುಬಿಟ್ಟೆ. ಸ್ಯಾಂಟೊರಿನಿಯಲ್ಲಿ ಮಾತ್ರ ನಲ್ಲಿ ನೀರು ಕುಡಿಯಬೇಡಿ.

ಕೋಟೆಗಲ್ಲಿ_ಬಳ್ಳಾರಿ
ಇಷ್ಟೆಲ್ಲ ಬರೆದಿದ್ದಕ್ಕೆ ತುಂಬಾ ಥ್ಯಾಂಕ್ಸ್. ವೀಸಾಗೆ ಇಟಲಿ ಮೂಲಕವೇ ಹಾಕೋಣ ಅಂದುಕೊಂಡಿದ್ದೆ, ಅಕ್ಕ ಉಳಿಸಿದಿರಿ. ಒಂದು ಭಯ ಇದೆ. ಅಪ್ಪನಿಗೆ ಮಂಡಿ ನೋವು. ಸ್ಯಾಂಟೊರಿನಿಯಲ್ಲಿ ಬಂದರಿನಿಂದ ಊರಿಗೆ ನೂರಾರು ಮೆಟ್ಟಿಲು ಅಂತ ವಿಡಿಯೊದಲ್ಲಿ ನೋಡಿದೆ. ಆ ದ್ವೀಪವನ್ನೇ ಬಿಡಬೇಕಾ?

ಗಣಿನಾಡು_ಸಂಡೂರು
ಮೆಟ್ಟಿಲು ಇರೋದು ನಿಜ, ಆರುನೂರರ ಹತ್ತಿರ. ವಿಡಿಯೊದಲ್ಲಿ ನಾನೂ ನೋಡಿದ್ದೇನೆ, ಕತ್ತೆ ಮೇಲೆ ಕೂತು ಹತ್ತುತ್ತಾರೆ. ಮಂಡಿ ನೋವಿದ್ದರೆ ಆ ದ್ವೀಪ ಬಿಡೋದೇ ಒಳ್ಳೇದು ಅನ್ಸುತ್ತೆ.

ಕುಷ್ಟಗಿ_ಅಕ್ಕ
ಬಿಡಬೇಡಿ! ವಿಡಿಯೊದಲ್ಲಿರೋದು ಫಿರಾ ಊರಿನ ಕೆಳಗಿನ ಹಳೆ ಬಂದರು. ದೊಡ್ಡ ಪ್ರವಾಸಿ ಹಡಗಿನವರು ಇಳಿಯೋದು ಅಲ್ಲಿ. ಅಂಜನಾದ್ರಿಗೆ 575 ಮೆಟ್ಟಿಲು ಅಂತಾರಲ್ಲ, ಹೆಚ್ಚುಕಡಿಮೆ ಅಷ್ಟೇ ಇವೆ. ಫಿರಾದಲ್ಲಿ ಮೇಲೆ ಹೋಗೋಕೆ ರೋಪ್‌ವೇಯೂ ಇದೆ. ಆದರೆ ನೀವು ಅಥೆನ್ಸ್ ಪಕ್ಕದ ಪಿರೇಯಸ್‌ನಿಂದ ಫೆರಿಯಲ್ಲಿ ಹೋದರೆ ಇಳಿಯೋದು ಅಥಿನಿಯೋಸ್ ಅನ್ನೋ ಬೇರೆ ಬಂದರಿನಲ್ಲಿ. ಅಲ್ಲಿಂದ ಬಸ್ಸೇ ಮೇಲೆ ಹತ್ತುತ್ತೆ. ಇದು ನನಗೆ ಗೊತ್ತಾಗಿದ್ದು ಗೈಡ್ ಪುಸ್ತಕದ ನಕ್ಷೆಯಿಂದ. ಎರಡು ಬಂದರನ್ನೂ ಒಂದೇ ಪುಟದಲ್ಲಿ ಅಕ್ಕಪಕ್ಕ ನೋಡಿದಾಗಲೇ ತಲೆಗೆ ಹೋಗಿದ್ದು. ಅದಕ್ಕೆ ಮೊದಲು ವಿಡಿಯೊ ನೋಡಿ ನಾನೂ ಹೆದರಿದ್ದೆ.

ಗಣಿನಾಡು_ಸಂಡೂರು
ಇದು ಗೊತ್ತಿರಲಿಲ್ಲ ಅಕ್ಕ, ನಾನು ಹೇಳಿದ್ದು ತಪ್ಪು. ಕೋಟೆಗಲ್ಲಿಯವರೇ, ಗ್ರೀಸ್‌ಗೆ ಒಂದು ಪುಸ್ತಕ ಇರಲಿ. ಹೊಸ ಮುದ್ರಣವೇ ತಗೊಳ್ಳಿ, ದರ ಮತ್ತು ಸಮಯ ಮಾತ್ರ ಫೋನಿನಲ್ಲಿ ನೋಡಿಕೊಳ್ಳಿ.

ಆನೆಗೊಂದಿ_ದಡ
ಮಾಲ್ಟಾಗೆ ಹೋಗುವ ಮುಂಚೆ ಅಪ್ಪನಿಗೆ ಓದೋಕೆ ಒಂದು ವಿಷಯ. ಅಲ್ಲಿ ಗೋಜೊ ಅನ್ನೋ ಪಕ್ಕದ ದ್ವೀಪ ಇದೆ, ಫೆರಿಯಲ್ಲಿ ಅರ್ಧ ಗಂಟೆಯೂ ಆಗಲ್ಲ. ಹಳೆ ಪುಸ್ತಕಗಳಲ್ಲಿ ಅಲ್ಲಿನ ಅಜೂರ್ ವಿಂಡೋ ಅನ್ನೋ ಕಲ್ಲಿನ ಕಮಾನಿನ ಫೋಟೊ ಪುಟದ ತುಂಬ ಇರುತ್ತೆ. ಅದು 2017ರ ಮಾರ್ಚ್ 8ರಂದು ಬಿರುಗಾಳಿಗೆ ಸಮುದ್ರದೊಳಗೆ ಕುಸಿದು ಹೋಯಿತು, ಹುಡುಕಿಕೊಂಡು ಹೋಗಬೇಡಿ. ನೋಡಬೇಕಾದ್ದು ಜಗಾಂತಿಯಾ ಗುಡಿ. ಕ್ರಿಸ್ತಪೂರ್ವ 3600ರ ಸುಮಾರಿನದು, ಈಜಿಪ್ಟಿನ ಪಿರಮಿಡ್ಡಿಗಿಂತ ಹಳೆಯದು. ಅಷ್ಟು ದೊಡ್ಡ ಕಲ್ಲು ಎತ್ತಿದ್ದು ದೈತ್ಯೆ ಅಂತ ಅಲ್ಲಿನವರ ಕಥೆ, ಹೆಸರೂ ಅದರಿಂದಲೇ ಬಂದಿದ್ದು.

ನಮ್ಮ ಗಂಗಾವತಿ ತಾಲ್ಲೂಕಿನ ಹಿರೇಬೆಣಕಲ್ ಗುಡ್ಡದ ಮೇಲೆ ನಾನೂರರಷ್ಟು ಶಿಲಾಸಮಾಧಿಗಳಿವೆ. ಕಲ್ಲು ಚಪ್ಪಡಿ ನಿಲ್ಲಿಸಿ ಮೇಲೊಂದು ಚಪ್ಪಡಿ ಮುಚ್ಚಿದ ಪುಟ್ಟ ಪುಟ್ಟ ಮನೆಯ ಥರ. ಅವು ಕುಳ್ಳರಾದ ಮೋರ್ಯರ ಮನೆಗಳು ಅಂತ ನಮ್ಮ ಹಿರಿಯರು ಹೇಳುತ್ತಿದ್ದರು. ಅಲ್ಲಿ ದೈತ್ಯರು, ಇಲ್ಲಿ ಕುಳ್ಳರು, ಎರಡೂ ಕಡೆ ಕಲ್ಲು ನೋಡಿಯೇ ಕಥೆ ಹುಟ್ಟಿದ್ದು. ಹಿರೇಬೆಣಕಲ್ 2021ರಿಂದ ಯುನೆಸ್ಕೊದ ವಿಶ್ವ ಪರಂಪರೆಯ ತಾತ್ಕಾಲಿಕ ಪಟ್ಟಿಯಲ್ಲೂ ಇದೆ. ಮೇಷ್ಟ್ರನ್ನು ಒಮ್ಮೆ ಕೆಳಗಿನ ತನಕವಾದರೂ ಕರೆದುಕೊಂಡು ಬನ್ನಿ, ಮಂಡಿ ನೋವಿಗೆ ಮೇಲೆ ಹತ್ತೋದು ಕಷ್ಟ. ಫೋಟೊ ನಾನು ಕಳಿಸುತ್ತೇನೆ, ಜಗಾಂತಿಯಾ ಮುಂದೆ ನಿಂತಾಗ ಅವರಿಗೆ ಅದು ನೆನಪಾಗಲಿ.

ಸಿಂಧನೂರು_ಭತ್ತ
ರೋಮಿಗೂ ಹಾಗೇ ಒಂದು ನಂಟಿದೆ. 1520ರ ಸುಮಾರಿಗೆ ಪೋರ್ಚುಗಲ್‌ನ ಡೊಮಿಂಗೊ ಪಾಯೆಸ್ ವಿಜಯನಗರ ನೋಡಿ, ಈ ಊರು ರೋಮಿನಷ್ಟು ದೊಡ್ಡದು ಅಂತ ಬರೆದ. ಅಪ್ಪ ಈಗ ಆ ರೋಮನ್ನು ನೋಡಿ ಬಂದು ಏನು ಹೇಳುತ್ತಾರೋ ಅದನ್ನು ತಪ್ಪದೆ ಇಲ್ಲಿ ಬರೆಯಿರಿ.

ಕೋಟೆಗಲ್ಲಿ_ಬಳ್ಳಾರಿ
ಇದನ್ನೆಲ್ಲ ಅಪ್ಪನಿಗೆ ಓದಿ ಹೇಳಿದೆ. ಇನ್ನೂರು ಪುಟದ ನೋಟ್‌ಬುಕ್ ತಂದು ಮೊದಲ ಪುಟದಲ್ಲಿ "ನಿಸ್ಟಿಸಿಮೊ, ಸಿಗಡಿ ಬೇಡ" ಅಂತ ದಪ್ಪಗೆ ಬರೆದುಕೊಂಡಿದ್ದಾರೆ. ಎರಡನೇ ಪುಟದಲ್ಲಿ ಅಥಿನಿಯೋಸ್. ಗ್ರೀಸ್ ಪುಸ್ತಕ ಒಂದು ತಗೊಳ್ಳೋದು ಅಂತ ತೀರ್ಮಾನ ಆಯಿತು. ಉಳಿದೆರಡು ದೇಶಕ್ಕೆ ಫೋನ್ ಮತ್ತು ಈ ನೋಟ್‌ಬುಕ್.

ಕುಷ್ಟಗಿ_ಅಕ್ಕ
ಕೊಳ್ಳಬೇಡಿ, ನಂದೇ ಕೊಡುತ್ತೇನೆ, ಕಳೆದ ವರ್ಷದ ಮುದ್ರಣ. ಭಾನುವಾರ ಮದುವೆಗೆ ಬಳ್ಳಾರಿಗೆ ಬರುತ್ತಿದ್ದೇನೆ. ಹನ್ನೊಂದಕ್ಕೆ ರಾಯಲ್ ಸರ್ಕಲ್ ಹತ್ತಿರ ಬನ್ನಿ, ಅಪ್ಪನನ್ನೂ ಕರೆದುಕೊಂಡು ಬನ್ನಿ. ಸ್ಯಾಂಟೊರಿನಿ ಪುಟಕ್ಕೆ ಎಣ್ಣೆ ಕಲೆ ಆಗಿದೆ, ಆದರೆ ಅಕ್ಷರ ಕಾಣುತ್ತೆ. ಒಳಗೆ ನಮ್ಮ ಫೆರಿ ಟಿಕೆಟ್ ಇದೆ, ಅದನ್ನು ಮಾತ್ರ ಕಳೀಬೇಡಿ.