ಐಸಿಯು ಬಾಗಿಲಲ್ಲಿ ಕ್ಯಾಮೆರಾ: ಸಹಿ ಇದ್ದರೆ ಸಾಕೇ?

ಪ್ರಶ್ನೆ:
ಎಲ್ಲರಿಗೂ ನಮಸ್ಕಾರ. ಆಸ್ಪತ್ರೆಯೊಂದರ ಐಸಿಯು ಹೊರಗೆ ಕಾದು ಕುಳಿತವರ ಬಗ್ಗೆ ಸಾಕ್ಷ್ಯಚಿತ್ರವೊಂದನ್ನು ಮಾಡುತ್ತಿದ್ದೇನೆ. ಅಮೆರಿಕದ ಫ್ರೆಡರಿಕ್ ವೈಸ್‌ಮನ್ ಅವರ ‘ನಿಯರ್ ಡೆತ್’ (1989) ನನ್ನನ್ನು ಈ ಕೆಲಸಕ್ಕೆ ಹಚ್ಚಿತು. ಬಾಸ್ಟನ್ನಿನ ಬೆತ್ ಇಸ್ರೇಲ್ ಆಸ್ಪತ್ರೆಯಲ್ಲಿ ತೆಗೆದ, ಸುಮಾರು ಆರು ಗಂಟೆಯ ಆ ಕಪ್ಪುಬಿಳುಪು ಚಿತ್ರದಲ್ಲಿ ನಿರೂಪಣೆಯಿಲ್ಲ, ಸಂದರ್ಶನವಿಲ್ಲ, ಹಿನ್ನೆಲೆ ಸಂಗೀತವೂ ಇಲ್ಲ. ಯಂತ್ರದ ಆಸರೆಯಲ್ಲಿ ಉಸಿರಾಡುವವರ ಚಿಕಿತ್ಸೆಯನ್ನು ಎಲ್ಲಿಯವರೆಗೆ ಮುಂದುವರಿಸಬೇಕೆಂದು ವೈದ್ಯರು, ದಾದಿಯರು, ಮನೆಯವರು ಆಡುವ ಮಾತುಗಳೇ ಅದರ ಜೀವಾಳ.

ಕಳೆದ ವಾರ ನನ್ನ ಕ್ಯಾಮೆರಾದೆದುರೇ ಅಂಥ ಮಾತು ನಡೆಯಿತು. ಅಪ್ಪನಿಗೆ ವೆಂಟಿಲೇಟರ್ ಇನ್ನು ಸಾಕು ಎಂದು ಅಣ್ಣ ಹೇಳಿದರು. ತಂಗಿ ಏನನ್ನೂ ಹೇಳದೆ, ಅಪ್ಪನ ಕನ್ನಡಕವನ್ನು ಸೆರಗಿನ ತುದಿಯಿಂದ ಒರೆಸುತ್ತಲೇ ಇದ್ದರು. ಇಬ್ಬರೂ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದ್ದಾರೆ. ಆದರೂ ಈ ದೃಶ್ಯವನ್ನು ಬಳಸಲು ಮನಸ್ಸು ಬರುತ್ತಿಲ್ಲ. ತಿಳಿದವರು ದಾರಿ ತೋರಿಸಬೇಕು.

ಉತ್ತರ 1 (ಸಂಕಲನಕಾರ):
ವೈಸ್‌ಮನ್ ಅವರಿಗೂ ಈ ಪ್ರಶ್ನೆ ಎದುರಾಗಿತ್ತು. ಮಾನಸಿಕ ರೋಗಿಗಳಾದ ಕೈದಿಗಳಿದ್ದ ಬ್ರಿಜ್‌ವಾಟರ್ ಆಸ್ಪತ್ರೆಯ ಬಗೆಗಿನ ‘ಟಿಟಿಕಟ್ ಫಾಲೀಸ್’ (1967) ಚಿತ್ರಕ್ಕೆ ಅಲ್ಲಿನ ಮುಖ್ಯಸ್ಥರ ಅನುಮತಿಯಿತ್ತು. ಹಾಗಿದ್ದೂ ರೋಗಿಗಳ ಖಾಸಗಿತನದ ಕಾರಣಕ್ಕೆ ಮ್ಯಾಸಚೂಸೆಟ್ಸ್‌ನಲ್ಲಿ ಸಾರ್ವಜನಿಕ ಪ್ರದರ್ಶನ ನಿಂತುಹೋಯಿತು, ಆ ತಡೆ ತೆರವಾದದ್ದು 1991ರಲ್ಲಿ. ಸರ್ಕಾರಕ್ಕೆ ತನ್ನ ಆಸ್ಪತ್ರೆಯ ದುಃಸ್ಥಿತಿಯನ್ನು ಮುಚ್ಚಿಡುವ ಆಸೆಯೂ ಇತ್ತೆಂದು ನಾನು ನಂಬುತ್ತೇನೆ. ಆದರೆ ಒಪ್ಪಿಗೆ ಕೊಡುವ ಸ್ಥಿತಿಯಲ್ಲೇ ಇಲ್ಲದವರ ಪರವಾಗಿ ಒಪ್ಪುವವರು ಯಾರು ಎಂಬ ಪ್ರಶ್ನೆ ಸುಳ್ಳಾಗಲಿಲ್ಲ. ನಿಮ್ಮ ಚಿತ್ರದಲ್ಲಿಯೂ ಆ ತಂದೆಯನ್ನು ಯಾರೂ ಕೇಳಿಲ್ಲ.

ಉತ್ತರ 2 (ಐಸಿಯು ಶುಶ್ರೂಷಕಿ):
ಇನ್ನೊಂದು ಅಪಾಯವಿದೆ. ನಮ್ಮಲ್ಲಿ ಸುಪ್ರೀಂ ಕೋರ್ಟ್ 2018ರಲ್ಲಿ ತೀರ್ಪು ಕೊಟ್ಟು, 2023ರಲ್ಲಿ ಸರಳಗೊಳಿಸಿ, ಕರ್ನಾಟಕ ಸರ್ಕಾರ 2025ರ ಜನವರಿಯಲ್ಲಿ ಆದೇಶ ಹೊರಡಿಸಿದ ಕ್ರಮದ ಪ್ರಕಾರ, ಜೀವಾಧಾರಕ ಚಿಕಿತ್ಸೆಯನ್ನು ಹಿಂಪಡೆಯಬೇಕಾದರೆ ತಲಾ ಮೂವರು ವೈದ್ಯರಿರುವ ಎರಡು ಮಂಡಳಿಗಳು ಒಪ್ಪಬೇಕು, ಮನೆಯವರ ಸಮ್ಮತಿ ಇರಬೇಕು, ಮ್ಯಾಜಿಸ್ಟ್ರೇಟರಿಗೂ ತಿಳಿಸಬೇಕು. ಇದ್ಯಾವುದನ್ನೂ ತೋರಿಸದೆ ಅಣ್ಣನ ಒಂದು ಮಾತನ್ನಷ್ಟೇ ಇಟ್ಟರೆ, ಅಪ್ಪನ ಉಸಿರು ನಿಲ್ಲಿಸಿದ್ದು ಇವನೇ ಎಂದು ಊರು ಆಡಿಕೊಳ್ಳುತ್ತದೆ. ರಾತ್ರಿಯೆಲ್ಲ ಬೆಂಚಿನ ಮೇಲೆ ಕುಳಿತಿದ್ದ ಮಗನೊಬ್ಬ ಬೆಳಗಿನ ಜಾವ ಹಾಗೆ ಹೇಳಿ, ಹತ್ತು ಗಂಟೆಗೆ ಹೇಗಾದರೂ ಉಳಿಸಿಕೊಡಿ ಎಂದು ಕೈಮುಗಿದದ್ದನ್ನು ನಾನು ಕಂಡಿದ್ದೇನೆ. ಎರಡೂ ಅವನ ಮನಸ್ಸಿನ ಮಾತೇ.

ಉತ್ತರ 3:
ಅಮ್ಮನನ್ನು ಒಳಗೆ ಬಿಟ್ಟು ಹನ್ನೊಂದು ದಿನ ಅಂಥದ್ದೇ ಬೆಂಚಿನ ಮೇಲೆ ಕುಳಿತವಳು ನಾನು. ದಿನಕ್ಕೆ ನಾಲ್ಕೈದು ಕಾಗದಗಳಿಗೆ, ಓದದೆಯೇ, ಸಹಿ ಹಾಕುತ್ತಿದ್ದೆ. ನಿಮ್ಮ ಪತ್ರ ಬಂದಿದ್ದರೂ ಅದು ಅವುಗಳಲ್ಲೊಂದಾಗುತ್ತಿತ್ತು. ದಯವಿಟ್ಟು ಕೆಲವು ತಿಂಗಳು ಕಳೆದ ಮೇಲೆ ಅವರ ಮನೆಗೆ ಹೋಗಿ ದೃಶ್ಯವನ್ನು ತೋರಿಸಿ ಕೇಳಿ. ತಂಗಿಯನ್ನು ಬೇರೆಯಾಗಿ ಕೇಳಿ. ಅಣ್ಣನೆದುರು ಅವರು ಆಗಲೂ ಕನ್ನಡಕ ಒರೆಸುತ್ತಲೇ ಇರಬಹುದು.

ಪ್ರಶ್ನೆ ಕೇಳಿದವರು:
ಮೂವರಿಗೂ ಕೃತಜ್ಞನಾಗಿದ್ದೇನೆ. ಅವರ ತಂದೆ ಇನ್ನೂ ಐಸಿಯುನಲ್ಲಿದ್ದಾರೆ. ಆ ಫೂಟೇಜನ್ನು ಬೇರೆ ಡ್ರೈವಿಗೆ ಹಾಕಿ ಎತ್ತಿಟ್ಟಿದ್ದೇನೆ; ನಾಳೆ ಕ್ಯಾಮೆರಾ ಇಲ್ಲದೆ ಹೋಗುತ್ತೇನೆ.